ರಂಗಭೂಮಿಯ ಮೇಲೆ ಕಾನೂನಿನ ಕಣ್ಣು: 1876ರ ನಾಟಕ ಪ್ರದರ್ಶನ ಕಾಯ್ದೆ

ಆಧುನಿಕ ಭಾರತೀಯ ರಂಗಭೂಮಿಯ ಚರಿತ್ರೆಯನ್ನು ನಾಟಕಕಾರರ ಹೆಸರುಗಳ ಮೂಲಕ ಹೇಳುವುದು ವಾಡಿಕೆ. ಆ ಚರಿತ್ರೆಯನ್ನು ಒಂದು ಕಾಯ್ದೆಯ ಮೂಲಕವೂ ಹೇಳಲು ಸಾಧ್ಯ. 1876ರ ಡಿಸೆಂಬರ್‌ನಲ್ಲಿ ಬ್ರಿಟಿಷ್ ಸರಕಾರ ಅಂಗೀಕರಿಸಿದ ನಾಟಕ ಪ್ರದರ್ಶನ ಕಾಯ್ದೆಯು ಸ್ವಾತಂತ್ರ್ಯಾನಂತರವೂ ಏಳು ದಶಕ ಕಾಲ ಕಾನೂನು ಪುಸ್ತಕದಲ್ಲಿ ಉಳಿದು, 2018ರಲ್ಲಷ್ಟೇ ರದ್ದಾಯಿತು.

ಕಾಯ್ದೆಯ ಬೇರು ಬಂಗಾಳದ ನೀಲಿ ಬೆಳೆಯಲ್ಲಿದೆ. ನೀಲಿ ತೋಟಗಳ ಬಿಳಿಯ ಮಾಲೀಕರು ರೈತರ ಮೇಲೆ ನಡೆಸುತ್ತಿದ್ದ ದೌರ್ಜನ್ಯವನ್ನು ದೀನಬಂಧು ಮಿತ್ರರು 1860ರಲ್ಲಿ 'ನೀಲ್ ದರ್ಪಣ್' ನಾಟಕವಾಗಿ ಬರೆದರು. ಅದರ ಇಂಗ್ಲಿಷ್ ಅನುವಾದವನ್ನು ಪ್ರಕಟಿಸಿದ ಪಾದ್ರಿ ಜೇಮ್ಸ್ ಲಾಂಗ್ ಅವರಿಗೆ 1861ರಲ್ಲಿ ಒಂದು ತಿಂಗಳ ಸೆರೆವಾಸ ಮತ್ತು ಸಾವಿರ ರೂಪಾಯಿ ದಂಡ ವಿಧಿಸಲಾಯಿತು. ದಂಡದ ಹಣವನ್ನು ಕಟ್ಟಿದವರು ಬಂಗಾಳಿ ಲೇಖಕ ಕಾಳೀಪ್ರಸನ್ನ ಸಿಂಹ. ಬರೆದವನನ್ನು ಬಿಟ್ಟು ಪ್ರಕಟಿಸಿದವನನ್ನು ಹಿಡಿದದ್ದು ಗಮನಾರ್ಹ. ನಾಟಕ ಬಂಗಾಳಿಯಲ್ಲಿ ಉಳಿದಷ್ಟು ದಿನ ಆಳುವವರಿಗೆ ಅದು ಅಷ್ಟಾಗಿ ಚುಚ್ಚಿರಲಿಲ್ಲ.

1872ರ ಡಿಸೆಂಬರ್ 7ರಂದು ಕಲ್ಕತ್ತೆಯ ನ್ಯಾಷನಲ್ ಥಿಯೇಟರ್ ಇದೇ ನಾಟಕದೊಂದಿಗೆ ಆರಂಭವಾಯಿತು. ಅದುವರೆಗೆ ಜಮೀನ್ದಾರರ ಮನೆಯಂಗಳದಲ್ಲಿ ಆಹ್ವಾನಿತರಿಗಷ್ಟೇ ಸೀಮಿತವಾಗಿದ್ದ ಬಂಗಾಳಿ ನಾಟಕವು ಟಿಕೆಟ್ ಕೊಂಡ ಯಾರಿಗಾದರೂ ಲಭ್ಯವಾಯಿತು. ಸರಕಾರ ಎಚ್ಚೆತ್ತುಕೊಂಡದ್ದು ಈ ಬದಲಾವಣೆಯಿಂದಲೇ ಎನ್ನಬೇಕು. ಪುಸ್ತಕವನ್ನು ಓದಬಲ್ಲವರು ಕೆಲವರು. ನಾಟಕ ನೋಡಲು ಅಕ್ಷರ ಬೇಕಿಲ್ಲ. 1875ರಲ್ಲಿ ಲಖನೌದಲ್ಲಿ ಗ್ರೇಟ್ ನ್ಯಾಷನಲ್ ಥಿಯೇಟರ್ ತಂಡ 'ನೀಲ್ ದರ್ಪಣ್' ಆಡುತ್ತಿದ್ದಾಗ, ರೈತನೊಬ್ಬ ಬಿಳಿಯ ಮಾಲೀಕನನ್ನು ಹೊಡೆಯುವ ದೃಶ್ಯ ಕಂಡು ಯುರೋಪಿಯನ್ ಪ್ರೇಕ್ಷಕರು ರಂಗವನ್ನೇರಿದರು. ಪ್ರದರ್ಶನ ಅರ್ಧಕ್ಕೇ ನಿಂತಿತು.

ತಕ್ಷಣದ ನೆಪವಾದದ್ದು ಮಾತ್ರ ಒಂದು ಪ್ರಹಸನ. ವೇಲ್ಸ್ ರಾಜಕುಮಾರ ಕಲ್ಕತ್ತೆಗೆ ಬಂದಿದ್ದಾಗ ಜಗದಾನಂದ ಮುಖರ್ಜಿ ಎಂಬ ವಕೀಲರು ಅವನನ್ನು ಮನೆಗೆ ಕರೆದು, ಒಳಮನೆಯ ಹೆಂಗಸರಿಂದ ಸ್ವಾಗತ ಕೊಡಿಸಿದರು. ನಗರವೆಲ್ಲ ಆಡಿಕೊಂಡಿತು. 1876ರ ಫೆಬ್ರವರಿಯಲ್ಲಿ ಗ್ರೇಟ್ ನ್ಯಾಷನಲ್ ಥಿಯೇಟರ್ 'ಗಜದಾನಂದ ಓ ಯುವರಾಜ್' ಎಂಬ ಅಣಕವನ್ನು ಆಡಿತು. ಪೊಲೀಸರು ತಡೆದರು, ಹೆಸರು ಬದಲಿಸಿ 'ಹನುಮಾನ್ ಚರಿತ್ರ' ಎಂದು ಆಡಿದರು, ಅದನ್ನೂ ತಡೆದರು. ಆಗ ತಂಡವು ಪೊಲೀಸ್ ಅಧಿಕಾರಿಗಳಾದ ಹಾಗ್ ಮತ್ತು ಲ್ಯಾಂಬ್ ಅವರ ಹೆಸರುಗಳನ್ನೇ ಹಿಡಿದು, ಹಂದಿ ಮತ್ತು ಕುರಿಯ ಪೊಲೀಸು ಎಂಬರ್ಥದ ಶೀರ್ಷಿಕೆಯ ಇನ್ನೊಂದು ಪ್ರಹಸನ ಕಟ್ಟಿತು. ಫೆಬ್ರವರಿ 29ರಂದು ವೈಸರಾಯ್ ನಾರ್ತ್‌ಬ್ರೂಕ್ ಸುಗ್ರೀವಾಜ್ಞೆ ಹೊರಡಿಸಿದರು. ಕೆಲವೇ ದಿನಗಳಲ್ಲಿ ಉಪೇಂದ್ರನಾಥ ದಾಸ್, ಅಮೃತಲಾಲ್ ಬಸು ಮೊದಲಾದವರ ಬಂಧನವಾಯಿತು. 'ಸುರೇಂದ್ರ ಬಿನೋದಿನಿ' ನಾಟಕ ಅಶ್ಲೀಲವೆಂಬುದು ಅವರ ಮೇಲಿನ ಆರೋಪ. ಹೈಕೋರ್ಟು ಅವರನ್ನು ಬಿಡುಗಡೆ ಮಾಡಿತಾದರೂ ವರ್ಷಾಂತ್ಯಕ್ಕೆ ಸುಗ್ರೀವಾಜ್ಞೆ ಕಾಯ್ದೆಯಾಗಿ ಗಟ್ಟಿಯಾಯಿತು.

ಮಾನಹಾನಿಕರವಾದ, ಸರಕಾರದ ಬಗ್ಗೆ ಅಪ್ರೀತಿ ಹುಟ್ಟಿಸುವ, ಅಥವಾ ನೋಡುವವರನ್ನು ಕೆಡಿಸುವ ಸಂಭವವಿರುವ ನಾಟಕವನ್ನು ಸರಕಾರ ನಿಷೇಧಿಸಬಹುದು. ಮೀರಿದವರಿಗೆ ಮೂರು ತಿಂಗಳವರೆಗೆ ಸೆರೆ. ಪೊಲೀಸರು ರಂಗಮಂದಿರಕ್ಕೆ ನುಗ್ಗಿ ಪರದೆ, ವೇಷಭೂಷಣಗಳನ್ನೂ ವಶಪಡಿಸಿಕೊಳ್ಳಬಹುದಿತ್ತು. ಆದರೆ ಒಂದು ವಿನಾಯಿತಿ ಇತ್ತು: ಧಾರ್ಮಿಕ ಉತ್ಸವಗಳಲ್ಲಿ ನಡೆಯುವ ಜಾತ್ರಾ ಮತ್ತು ಅಂಥ ಪ್ರದರ್ಶನಗಳಿಗೆ ಕಾಯ್ದೆ ಅನ್ವಯಿಸದು. ಮುಂದೆ ರಾಜಕೀಯ ಮಾತಿಗೆ ಪುರಾಣದ ವೇಷ ತೊಡಿಸುವ ಪರಿಪಾಠ ಬೆಳೆಯಿತು. ಮರಾಠಿಯ ಖಾಡಿಲ್ಕರರು 1907ರಲ್ಲಿ ಬರೆದ 'ಕೀಚಕವಧ'ದಲ್ಲಿ ಪ್ರೇಕ್ಷಕರು ಕೀಚಕನನ್ನು ಲಾರ್ಡ್ ಕರ್ಜನ್ ಎಂದೇ ಗುರುತಿಸಿದರು. ಆಳುವವರೂ ಗುರುತಿಸಿದರು, 1910ರಲ್ಲಿ ನಿಷೇಧ ಬಂತು.

ಸ್ವತಂತ್ರ ಭಾರತ ಈ ಆಯುಧವನ್ನು ಕೆಳಗಿಡಲಿಲ್ಲವೆಂಬುದೇ ಕಥೆಯ ಕಹಿ ಭಾಗ. ತೋಪ್ಪಿಲ್ ಭಾಸಿಯವರ 'ನಿಂಗಳೆನ್ನೆ ಕಮ್ಯುನಿಸ್ಟಾಕ್ಕಿ' 1953ರಲ್ಲಿ ತಿರುವಾಂಕೂರು-ಕೊಚ್ಚಿಯಲ್ಲಿ ನಿಷೇಧಕ್ಕೊಳಗಾಯಿತು. ಅದೇ ವರ್ಷ ಲಖನೌದಲ್ಲಿ ಇಪ್ಟಾ ತಂಡವು ಪ್ರೇಮಚಂದರ 'ಈದ್‌ಗಾಹ್' ಕಥೆಯ ರಂಗರೂಪ ಆಡಿದ್ದಕ್ಕೆ ಮೊಕದ್ದಮೆ ಹೂಡಲಾಯಿತು. ಜಾತ್ರೆಯಲ್ಲಿ ಅಜ್ಜಿಗಾಗಿ ಇಕ್ಕಳ ಕೊಳ್ಳುವ ಬಾಲಕನ ಕಥೆ ಅದು! 1956ರಲ್ಲಿ ಅಲಹಾಬಾದ್ ಹೈಕೋರ್ಟು ಕಾಯ್ದೆಯನ್ನು ಸಂವಿಧಾನಬಾಹಿರವೆಂದು ಸಾರಿತು. ಇತರ ರಾಜ್ಯಗಳು ತಮ್ಮದೇ ಕಾಯ್ದೆ ಮಾಡಿಕೊಂಡವು. ಎಂ.ಆರ್. ರಾಧಾ ಅವರ ರಾಮಾಯಣ ನಾಟಕದ ಹಿನ್ನೆಲೆಯಲ್ಲಿ ಮದ್ರಾಸು 1954ರಲ್ಲಿ ಕಾನೂನು ತಂದಿತು. ಮದ್ರಾಸ್ ಹೈಕೋರ್ಟು ಅದನ್ನು ತಳ್ಳಿಹಾಕಿದ್ದು 2013ರಲ್ಲಿ. ಅಂದಿನ ಮೈಸೂರು ರಾಜ್ಯದ ಕಾಯ್ದೆ 1964ರದು. ಗಿರೀಶ ಕಾರ್ನಾಡರ 'ತುಘಲಕ್' ಹೊರಬಂದದ್ದೂ ಅದೇ ವರ್ಷ.

ಮಹಾರಾಷ್ಟ್ರದ ದಾರಿ ಬೇರೆ. ಅಲ್ಲಿ ಪೊಲೀಸ್ ಕಾನೂನಿನಡಿ, ಪ್ರದರ್ಶನಕ್ಕೆ ಮುಂಚೆಯೇ ಪಠ್ಯವನ್ನು ಮಂಡಳಿಯ ಪರಿಶೀಲನೆಗೆ ಒಪ್ಪಿಸಬೇಕು. ವಿಜಯ ತೆಂಡೂಲ್ಕರರ 'ಸಖಾರಾಮ್ ಬೈಂಡರ್' 1972ರಲ್ಲಿ ಹದಿಮೂರು ಪ್ರದರ್ಶನಗಳಾದ ಮೇಲೆ ನಿಂತುಹೋಯಿತು. ನಿರ್ದೇಶಕ ಕಮಲಾಕರ ಸಾರಂಗ್ ಬಾಂಬೆ ಹೈಕೋರ್ಟಿನಲ್ಲಿ ಹೋರಾಡಿ ಗೆದ್ದರು. ಅದೇ ವರ್ಷದ 'ಘಾಶೀರಾಮ್ ಕೋತ್ವಾಲ್'ಗೆ ಸರಕಾರದ ನಿಷೇಧವೇ ಬೇಕಾಗಲಿಲ್ಲ. ನಾನಾ ಫಡ್ನವೀಸರಿಗೆ ಅವಮಾನವಾಯಿತೆಂಬ ಪ್ರತಿಭಟನೆಗಳ ನಡುವೆ ಪುಣೆಯ ನಾಟಕ ಸಂಸ್ಥೆಯೇ ಪ್ರಯೋಗ ನಿಲ್ಲಿಸಿತು. ಕಲಾವಿದರು ಹೊರಬಂದು ಥಿಯೇಟರ್ ಅಕಾಡೆಮಿ ಕಟ್ಟಿ ಅದನ್ನು ಮತ್ತೆ ರಂಗಕ್ಕೆ ತಂದರು.

ಕಾಯ್ದೆಗಿಂತ ಗುಂಪಿನ ಒತ್ತಡ ಬಲವಾಗುತ್ತ ಹೋದದ್ದನ್ನು ಇಲ್ಲಿ ಕಾಣಬಹುದು. ಕನ್ನಡದಲ್ಲಿ ಇದಕ್ಕೆ ನಿದರ್ಶನ ಎಚ್.ಎಸ್. ಶಿವಪ್ರಕಾಶರ 'ಮಹಾಚೈತ್ರ'. ಬಸವಣ್ಣನ ಕಾಲವನ್ನು ಕುರಿತ ಈ ನಾಟಕ 1980ರ ದಶಕದಲ್ಲಿ ರಂಗದ ಮೇಲೆ ಬಂದಾಗ ಏಳದ ವಿವಾದ, 1995ರಲ್ಲಿ ಅದು ಪಠ್ಯಪುಸ್ತಕವಾದ ಕಾರಣಕ್ಕೆ ಎದ್ದಿತು. ದೆಹಲಿಯ ಜನ ನಾಟ್ಯ ಮಂಚ್‌ನ ಸಫ್ದರ್ ಹಾಶ್ಮಿ ಅವರ ಪ್ರಕರಣವಂತೂ ಯಾವ ಕಾನೂನಿನ ವ್ಯಾಪ್ತಿಗೂ ಮೀರಿದ್ದು: 1989ರ ಜನವರಿ 1ರಂದು ಸಾಹಿಬಾಬಾದ್ ಬಳಿ ಬೀದಿನಾಟಕ ಆಡುತ್ತಿದ್ದಾಗಲೇ ಹಲ್ಲೆಗೊಳಗಾಗಿ ಅವರು ಮರುದಿನ ಮೃತಪಟ್ಟರು.

2018ರ ರದ್ದತಿ ಸದ್ದಿಲ್ಲದೆ ನಡೆಯಿತು. ಬಳಕೆ ತಪ್ಪಿದ ನೂರಾರು ಹಳೆಯ ಕಾನೂನುಗಳನ್ನು ಒಟ್ಟಿಗೆ ತೆಗೆದುಹಾಕಿದ ಮಸೂದೆಯೊಂದರಲ್ಲಿ ಇದೂ ಒಂದು ಸಾಲಾಗಿ ಸೇರಿತ್ತು.