ಪತ್ತೇದಾರಿ ಕಥೆಯ ವಿಮರ್ಶೆಯೂ ಧಾರಾವಿಯೂ

ಪತ್ತೇದಾರಿ ಕಥೆಗಳನ್ನು ಓದುವವರು ಅಸಂಖ್ಯರು. ಅವನ್ನು ವಿಮರ್ಶಿಸುವವರು ವಿರಳ. ಕನ್ನಡದಲ್ಲಿ ಈ ಪ್ರಕಾರಕ್ಕೆ ಮೊದಮೊದಲು ಕೈಹಾಕಿದವರಲ್ಲಿ ‘ಚೋರಗ್ರಹಣ ತಂತ್ರ’ವನ್ನು ಬರೆದ ಎಂ. ವೆಂಕಟಕೃಷ್ಣಯ್ಯನವರು ಒಬ್ಬರು. ಮುಂದೆ ಎನ್. ನರಸಿಂಹಯ್ಯನವರು (೧೯೨೫–೨೦೧೧) ಪತ್ತೇದಾರ ಪುರುಷೋತ್ತಮನನ್ನು ಸೃಷ್ಟಿಸಿ, ಐನೂರಕ್ಕೂ ಮಿಕ್ಕ ಕಾದಂಬರಿಗಳಿಂದ ಕನ್ನಡಕ್ಕೆ ಓದುಗರ ಒಂದು ಪೀಳಿಗೆಯನ್ನೇ ಒದಗಿಸಿದರು. ಮುಂಬಯಿಯ ಮರಾಠಿ ಓದುಗರಿಗೆ ಬಾಬೂರಾವ್ ಅರ್ನಾಳಕರರು (೧೯೦೬–೧೯೯೬) ಇದೇ ಉಪಕಾರವನ್ನು ಇನ್ನೂ ದೊಡ್ಡ ಪ್ರಮಾಣದಲ್ಲಿ ಮಾಡಿದರು. ಬೆಳೆ ಇಷ್ಟು ಹುಲುಸಾಗಿ ಬಂದರೂ ಕಾಳನ್ನೂ ಜೊಳ್ಳನ್ನೂ ಬೇರ್ಪಡಿಸುವ ಕಣ ನಮ್ಮಲ್ಲಿ ಸಿದ್ಧವಾಗಲಿಲ್ಲ. ಸಾಹಿತ್ಯ ಚರಿತ್ರೆಗಳಲ್ಲಿ ಈ ಪ್ರಕಾರಕ್ಕೆ ದೊರೆತ ಎಡೆ ಅತ್ಯಲ್ಪ.

ಈ ಉಪೇಕ್ಷೆಯಿಂದ ಹಾನಿಯೇನು ಎಂದು ಕೇಳಬಹುದು. ಹೊತ್ತು ಕಳೆಯಲು ಓದಿ ಬಿಸಾಡುವ ಪುಸ್ತಕಕ್ಕೆ ವಿಮರ್ಶೆಯೇಕೆ? ಇದಕ್ಕೆ ಉತ್ತರವನ್ನು ಮುಂಬಯಿಯ ಧಾರಾವಿಯಲ್ಲಿ ಹುಡುಕುವುದು ಯುಕ್ತ.

ಇಂಗ್ಲಿಷಿನಲ್ಲಿ ಈ ಪ್ರಕಾರದ ಶಾಸ್ತ್ರವಿಚಾರ ಎರಡು ಮಹಾಯುದ್ಧಗಳ ನಡುವೆ ಆರಂಭವಾಯಿತು. ಕ್ಯಾಥೊಲಿಕ್ ಪಾದ್ರಿಯೂ ಪತ್ತೇದಾರಿ ಲೇಖಕನೂ ಆಗಿದ್ದ ರೊನಾಲ್ಡ್ ನಾಕ್ಸ್ ೧೯೨೯ರಲ್ಲಿ ಹತ್ತು ಕಟ್ಟಳೆಗಳನ್ನು ವಿಧಿಸಿದನು. ಅಪರಾಧಿಯ ಪರಿಚಯ ಕಥೆಯ ಮೊದಲ ಭಾಗದಲ್ಲಿಯೇ ಆಗಬೇಕು. ಪತ್ತೇದಾರನು ಕಂಡ ಸುಳಿವನ್ನು ಓದುಗರಿಂದ ಮರೆಮಾಚಬಾರದು. ಹೀಗೆ ಸಾಗುವ ಆ ಪಟ್ಟಿಯಲ್ಲಿ ಐದನೆಯದು, ಕಥೆಯಲ್ಲಿ ಚೀನೀಯನು ಬರಕೂಡದು ಎಂಬುದು. ಮೇಲ್ನೋಟಕ್ಕೆ ಇದು ಜನಾಂಗದ್ವೇಷವೆಂದು ತೋರುತ್ತದೆ. ಸಂದರ್ಭವನ್ನು ಅರಿತರೆ ಬೇರೊಂದು ಅರ್ಥ ಹೊಳೆಯುತ್ತದೆ. ೧೯೧೩ರಲ್ಲಿ ಸ್ಯಾಕ್ಸ್ ರೋಮರನ ಫು ಮಾಂಚು ಎಂಬ ಖಳನು ಪುಸ್ತಕರೂಪದಲ್ಲಿ ಕಾಣಿಸಿಕೊಂಡ ತರುವಾಯ, ಲಂಡನ್ನಿನ ಹಡಗುಕಟ್ಟೆಗಳ ಬಳಿಯ ಲೈಮ್‌ಹೌಸ್ ಕೇರಿಯೂ ಅಲ್ಲಿಯ ಚೀನೀ ನಿವಾಸಿಗಳೂ ಅಗ್ಗದ ಕಥೆಗಾರರಿಗೆ ಸಿದ್ಧ ಸಾಮಗ್ರಿಯಾದರು. ಪಾತ್ರವನ್ನು ಕಟ್ಟುವ ಶ್ರಮವಿಲ್ಲದೆ, ಕೇರಿಯ ಹೆಸರೊಂದರಿಂದಲೇ ಓದುಗರಲ್ಲಿ ಭಯವನ್ನು ಹುಟ್ಟಿಸಬಹುದಾಗಿತ್ತು. ನಾಕ್ಸನ ನಿಷೇಧ ಈ ಸೋಮಾರಿತನವನ್ನು ಕುರಿತದ್ದು.

ಮುಂಬಯಿಯನ್ನು ಕುರಿತ ಅಪರಾಧಕಥನದಲ್ಲಿ ಲೈಮ್‌ಹೌಸಿನ ಸ್ಥಾನ ಧಾರಾವಿಗೆ ಪ್ರಾಪ್ತವಾಗಿದೆ. ಆದರೆ ಚರಿತ್ರೆಯ ಧಾರಾವಿ ಬೇರೆ. ೧೯೦೯ರ ಗೆಜೆಟಿಯರು ಅದನ್ನು ಮುಂಬಯಿಯ ಆರು ದೊಡ್ಡ ಕೋಳಿವಾಡಗಳಲ್ಲಿ ಒಂದೆಂದು ಎಣಿಸುತ್ತದೆ. ಅಲ್ಲಿಯ ಕಾಳಾ ಕಿಲ್ಲಾದ ಶಾಸನದಲ್ಲಿ ಗವರ್ನರ್ ಜಾನ್ ಹಾರ್ನನ ಹೆಸರೂ ೧೭೩೭ನೆಯ ವರ್ಷವೂ ಕೆತ್ತಲ್ಪಟ್ಟಿವೆ. ಮೀನುಗಾರರಾದ ಕೋಳಿಗಳ ಊರಿಗೆ ಸೌರಾಷ್ಟ್ರದ ಕುಂಬಾರರೂ ತಮಿಳುನಾಡಿನ ಚರ್ಮಕಾರರೂ ಬಂದು ಸೇರಿದರು. ಉತ್ತರ ಹಿಂದೂಸ್ಥಾನದ ಕಸೂತಿಗಾರರೂ ದರ್ಜಿಗಳೂ ಬಂದರು. ಕಲ್ಪನಾ ಶರ್ಮಾ ಅವರು ೨೦೦೦ದಲ್ಲಿ ಪ್ರಕಟಿಸಿದ ಧಾರಾವಿಯ ಕುರಿತ ಗ್ರಂಥದಲ್ಲಿ ಕಾಣುವುದು ದುಡಿಮೆಯ ಈ ಊರು.

ಕಥನದ ಧಾರಾವಿಯನ್ನು ಎಷ್ಟೋ ವೇಳೆ ದೂರದಲ್ಲಿಯೇ ಕಟ್ಟಲಾಯಿತು. ಮಣಿರತ್ನಂ ಅವರ ‘ನಾಯಕನ್’ (೧೯೮೭) ಚಿತ್ರಕ್ಕಾಗಿ ತೋಟ ತರಣಿಯವರು ಧಾರಾವಿಯ ಕೇರಿಯನ್ನು ಮದರಾಸಿನ ಸ್ಟುಡಿಯೋದಲ್ಲಿ ನಿರ್ಮಿಸಿ ರಾಷ್ಟ್ರಪ್ರಶಸ್ತಿ ಪಡೆದರು. ದೂರವೇ ದೋಷವೆಂದು ಹೇಳಲಾಗದು. ಎಚ್. ಆರ್. ಎಫ್. ಕೀಟಿಂಗ್ (೧೯೨೬–೨೦೧೧) ಹಿಂದೂಸ್ಥಾನವನ್ನು ಕಣ್ಣಾರೆ ಕಾಣದೆ ೧೯೬೪ರಲ್ಲಿ ‘ದಿ ಪರ್‌ಫೆಕ್ಟ್ ಮರ್ಡರ್’ ಕಾದಂಬರಿಯನ್ನು ಬರೆದು, ಮುಂಬಯಿಯ ಇನ್‌ಸ್ಪೆಕ್ಟರ್ ಘೋಟೆಯನ್ನು ಲೋಕಪ್ರಸಿದ್ಧನನ್ನಾಗಿ ಮಾಡಿದನು. ಅವನು ಈ ನಗರಕ್ಕೆ ಬಂದದ್ದು ಸುಮಾರು ಹತ್ತು ವರ್ಷಗಳ ತರುವಾಯ. ಆದರೂ ಘೋಟೆ ಅಂಜುಬುರುಕ, ಆದರೆ ಕರ್ತವ್ಯನಿಷ್ಠ. ಮೇಲಧಿಕಾರಿಗೂ ಮನೆಯವರಿಗೂ ನಡುವೆ ಸಿಕ್ಕಿ ಒದ್ದಾಡುವ ಸಾಮಾನ್ಯ ಮನುಷ್ಯ. ನಗರವನ್ನು ನೋಡದಿದ್ದರೂ ಮನುಷ್ಯನನ್ನು ನೋಡಿದ ಲೇಖಕನ ಕೃತಿ ಅದು.

ಕೀಟಿಂಗ್ ವಿಮರ್ಶಕನೂ ಆಗಿದ್ದನು. ೧೯೮೨ರಲ್ಲಿ ಈ ಪ್ರಕಾರಕ್ಕೆ ಕೈಪಿಡಿಯೊಂದನ್ನು ಸಂಪಾದಿಸಿದನು. ೧೯೮೭ರಲ್ಲಿ ನೂರು ಉತ್ತಮ ಕೃತಿಗಳನ್ನು ಆರಿಸಿ ವಿವರಿಸಿದನು. ಎಡ್ಗರ್ ಆಲನ್ ಪೋನಿಂದ ಪಿ. ಡಿ. ಜೇಮ್ಸ್‌ವರೆಗೆ ಸಾಗುವ ಆ ನೂರರಲ್ಲಿ ಭಾರತೀಯ ಭಾಷೆಯ ಕೃತಿ ಒಂದೂ ಇಲ್ಲ. ನಮ್ಮ ಕೃತಿಗಳನ್ನು ನಾವೇ ತೂಗಿ ನೋಡದಿರುವಾಗ ಪರಭಾಷೆಯವರನ್ನು ದೂಷಿಸುವುದು ಸಲ್ಲದು.

ತೂಗುವ ಬಗೆ ಹೇಗೆ? ಕವಿ ಆಡನ್ ೧೯೪೮ರ ಪ್ರಬಂಧವೊಂದರಲ್ಲಿ, ಪತ್ತೇದಾರಿ ಕಥೆಯ ಸ್ಥಳ ಮೊದಲು ನಿರ್ಮಲವಾಗಿ ಕಾಣಬೇಕೆಂದು ಪ್ರತಿಪಾದಿಸಿದನು. ಕೊಲೆ ಅಲ್ಲಿ ಅಸಂಗತವೆನಿಸಿದರೆ ಮಾತ್ರ ಅದರ ಆಘಾತ ಓದುಗರಿಗೆ ತಟ್ಟುತ್ತದೆ. ಧಾರಾವಿಯ ಕಥೆಗಳಲ್ಲಿ ಈ ಕ್ರಮ ತಲೆಕೆಳಗಾಗುತ್ತದೆ: ಸ್ಥಳ ಮೊದಲೇ ಅಪರಾಧಿ, ಹೆಣ ಬಿದ್ದರೆ ಯಾರೂ ಬೆಚ್ಚುವುದಿಲ್ಲ. ಸಂಶಯವೇ ಇಲ್ಲದಲ್ಲಿ ಶೋಧನೆಗೆ ಅವಕಾಶವೆಲ್ಲಿ? ಬ್ರಿಟಿಷ್ ಸರಕಾರವು ೧೮೭೧ರ ಕಾಯಿದೆಯಿಂದ ಕೆಲವು ಸಮುದಾಯಗಳನ್ನು ಹುಟ್ಟು ಅಪರಾಧಿಗಳೆಂದು ಸಾರಿತ್ತು. ಆ ಕಾಯಿದೆ ೧೯೫೨ರಲ್ಲಿ ರದ್ದಾಯಿತು. ಕಾಯಿದೆ ಪುಸ್ತಕದಿಂದ ಅಳಿದ ಆ ಭಾವನೆ ಕಥೆ ಪುಸ್ತಕದಲ್ಲಿ ಉಳಿದರೆ, ಕೆಲಸ ಕೇಳಲು ಹೋದ ತರುಣನು ತನ್ನ ವಿಳಾಸವನ್ನು ಹೇಳಲು ಅಳುಕಬೇಕಾಗುತ್ತದೆ. ವಿಮರ್ಶೆಯ ಅಭಾವದಿಂದ ಆಗುವ ಹಾನಿ ಇದು.

ಇದಕ್ಕೆ ಅಪವಾದಗಳೂ ಉಂಟು. ವಿಕಾಸ್ ಸ್ವರೂಪರ ‘ಕ್ಯೂ ಅಂಡ್ ಎ’ (೨೦೦೫) ಕಾದಂಬರಿಯ ನಾಯಕ ಧಾರಾವಿಯ ನಿವಾಸಿ. ರಸಪ್ರಶ್ನೆ ಸ್ಪರ್ಧೆಯಲ್ಲಿ ಗೆದ್ದದ್ದೇ ಅವನ ಬಂಧನಕ್ಕೆ ಕಾರಣ. ಬಡವನಿಗೆ ಇಷ್ಟು ತಿಳಿದಿರಲಾರದೆಂಬುದೇ ಸಾಕ್ಷ್ಯ. ಅವನ ಜೀವನವನ್ನು ಒಂದೊಂದು ಉತ್ತರದ ಮೂಲಕ ಕೆದಕಿದಾಗ ಹೊರಬರುವುದು ಅವನ ನಿರ್ದೋಷಿತ್ವ. ಪಾ. ರಂಜಿತರ ‘ಕಾಲಾ’ (೨೦೧೮) ಚಿತ್ರದಲ್ಲಿ ಅಪರಾಧದ ಬೇರು ಕೇರಿಯಲ್ಲಿಲ್ಲ, ಕೇರಿಯ ಭೂಮಿಯನ್ನು ಬಯಸುವ ಲೋಭದಲ್ಲಿದೆ. ಕನ್ನಡದಲ್ಲಿ ಯಶವಂತ ಚಿತ್ತಾಲರ ‘ಶಿಕಾರಿ’ (೧೯೭೯) ಮುಂಬಯಿಯ ಕೈಗಾರಿಕಾ ಸಂಸ್ಥೆಯೊಂದರ ಒಳಸಂಚುಗಳನ್ನು ಶೋಧಿಸುತ್ತದೆ. ತನ್ನ ಮೇಲಿನ ಆರೋಪವೇನೆಂಬುದನ್ನು ಅರಿಯಲು ಹೆಣಗುವ ನಾಗಪ್ಪನ ಬೇಟೆಗಾರರು ಕತ್ತಲ ಗಲ್ಲಿಯವರಲ್ಲ, ಕಚೇರಿಯ ಸುಶಿಕ್ಷಿತರು. ‘ಶಿಕಾರಿ’ಯನ್ನು ಪತ್ತೇದಾರಿ ಕಾದಂಬರಿ ಎನ್ನಲಾಗದು, ಆದರೆ ಮುಂಬಯಿಯಲ್ಲಿ ಅಪರಾಧದ ವಿಳಾಸವನ್ನು ಎಲ್ಲಿ ಹುಡುಕಬೇಕೆಂಬುದನ್ನು ಪತ್ತೇದಾರಿ ಲೇಖಕರು ಅದರಿಂದ ಕಲಿಯಬಹುದು.

ಷರ್ಲಾಕ್ ಹೋಮ್ಸನು ಕಸುಬು ಕೈಯ ಆಕಾರವನ್ನು ಮಾರ್ಪಡಿಸುವ ಬಗೆಯನ್ನು ಕುರಿತು ಪುಸ್ತಿಕೆ ಬರೆದಿದ್ದನೆಂದು ಕಾನನ್ ಡಾಯ್ಲ್ ಕಲ್ಪಿಸಿದ್ದಾನೆ. ತಿಗರಿಯ ಮುಂದೆ ಕುಳಿತ ಕುಂಬಾರನ ಕೈ, ಚರ್ಮ ಹೊಲಿಯುವವನ ಕೈ, ಹಪ್ಪಳ ಲಟ್ಟಿಸುವವಳ ಕೈ: ಇವು ಒಂದೇ ಕೇರಿಯ ಅಕ್ಕಪಕ್ಕದಲ್ಲಿ ದೊರೆಯುವ ಸ್ಥಳ ಧಾರಾವಿ. ಅಂತಹ ಕೈಗಳನ್ನು ಓದಬಲ್ಲ ಪತ್ತೇದಾರನು ಕನ್ನಡ ಕಥೆಯಲ್ಲಿ ಬಂದರೆ, ಅವನು ಮೊದಲು ಬಿಡಿಸಬೇಕಾದ ಮೊಕದ್ದಮೆ ಆ ಊರಿನ ಮೇಲೆಯೇ ಹೂಡಿರುವುದು.