ಅನುನಾಸಿಕ: ಐದು ಅಕ್ಷರಗಳಲ್ಲಿ ಮುಗಿಯದ ಮಾತು

ಕನ್ನಡ ಶಾಲೆಯಲ್ಲಿ ಓದಿದವರಿಗೆ ‘ಅನುನಾಸಿಕ’ ಎಂದೊಡನೆ ನೆನಪಾಗುವುದು ಐದು ಅಕ್ಷರಗಳು: ಙ, ಞ, ಣ, ನ, ಮ. ವರ್ಗೀಯ ವ್ಯಂಜನ ಇಪ್ಪತ್ತೈದು; ಅದರಲ್ಲಿ ಅಲ್ಪಪ್ರಾಣ ಹತ್ತು, ಮಹಾಪ್ರಾಣ ಹತ್ತು, ಅನುನಾಸಿಕ ಐದು. ಈ ಲೆಕ್ಕ ಒಪ್ಪಿಸಿದರೆ ಪರೀಕ್ಷೆಯಲ್ಲಿ ಅಂಕ ಖಚಿತ. ಙ ಮತ್ತು ಞ ಅಕ್ಷರಗಳನ್ನು ‘ವಾಙ್ಮಯ’, ‘ಜ್ಞಾನ’ದಂಥ ಬೆರಳೆಣಿಕೆಯ ಪದಗಳಲ್ಲಿ ಬಿಟ್ಟರೆ ಹೆಚ್ಚು ಬರೆಯುವ ಸಂದರ್ಭವೇ ಬರುವುದಿಲ್ಲ.

ಈಗ ಒಂದು ಸಣ್ಣ ಪ್ರಯೋಗ ಮಾಡಿ ನೋಡಿ. ಯಾರಾದರೂ ಊಟಕ್ಕೆ ಕರೆದಾಗ ‘ಹೂಂ’ ಎನ್ನುವ ಹಾಗೆ ಒಮ್ಮೆ ಅನ್ನಿ. ತುಟಿ ಮುಚ್ಚಿ ‘ಹೂಮ್’ ಎಂದಿರಾ? ಹೆಚ್ಚಿನವರು ಹಾಗೆ ಅನ್ನುವುದಿಲ್ಲ. ತುಟಿ ತೆರೆದೇ ಇರುತ್ತದೆ, ಊಕಾರ ಬಾಯಲ್ಲೂ ಮೂಗಲ್ಲೂ ಒಟ್ಟಿಗೆ ಹೊರಡುತ್ತದೆ. ಅಲ್ಲಿ ನಕಾರವೂ ಇಲ್ಲ, ಮಕಾರವೂ ಇಲ್ಲ. ಇರುವುದು ಮೂಗಿನ ಬಣ್ಣ ಹತ್ತಿದ ಸ್ವರ. ಅಜ್ಜಿಯ ಕತೆಗೆ ಹೂಂಗುಟ್ಟಿದ ಮಗುವಿನಿಂದ ಹಿಡಿದು ಎಲ್ಲ ಕನ್ನಡಿಗರೂ ದಿನಕ್ಕೆ ಹತ್ತಾರು ಸಲ ಹೊರಡಿಸುವ ಈ ಧ್ವನಿ ಆ ಐದು ಅಕ್ಷರಗಳ ಪಟ್ಟಿಯಲ್ಲಿ ಇಲ್ಲ. ಆದರೆ ‘ಅನುನಾಸಿಕ’ ಎಂಬ ಪದವನ್ನು ಮೊದಲು ಶಾಸ್ತ್ರಕ್ಕೆ ತಂದವರ ಲೆಕ್ಕದಲ್ಲಿ ಇದಕ್ಕೂ ಜಾಗವಿತ್ತು. ಆ ಜಾಗ ಹೇಗೆ ಹೋಯಿತು, ಅದರಿಂದ ಕನ್ನಡಕ್ಕೆ ಏನಾಯಿತು ಎಂಬುದನ್ನು ನೋಡೋಣ.

ಪಾಣಿನಿಯ ಅಷ್ಟಾಧ್ಯಾಯಿಯ ಮೊದಲ ಅಧ್ಯಾಯದ ಮೊದಲ ಪಾದದಲ್ಲೇ, ಎಂಟನೆಯ ಸೂತ್ರದಲ್ಲಿ, ಅನುನಾಸಿಕದ ಲಕ್ಷಣ ಬರುತ್ತದೆ. ಬಾಯಿ ಮತ್ತು ಮೂಗು ಎರಡರ ಸಹಾಯದಿಂದಲೂ ಉಚ್ಚರಿಸುವ ವರ್ಣ ಅನುನಾಸಿಕ ಎಂಬುದು ಅದರ ಸಾರ. ಬಾಯಿ, ಮೂಗು ಎರಡನ್ನೂ ಏಕೆ ಹೇಳಬೇಕಿತ್ತು ಎಂಬ ಪ್ರಶ್ನೆಯನ್ನು ಕಾಶಿಕಾ ವೃತ್ತಿ ಎತ್ತಿಕೊಳ್ಳುತ್ತದೆ. ಬಾಯಿಯ ಮಾತು ಬಿಟ್ಟಿದ್ದರೆ ಆ ಹೆಸರು ಅನುಸ್ವಾರಕ್ಕೆ ಮಾತ್ರ ಸಲ್ಲುತ್ತಿತ್ತು. ಮೂಗಿನ ಮಾತು ಬಿಟ್ಟಿದ್ದರೆ ಕ, ಚ, ಟ, ತ, ಪಗಳಿಗೂ ಸಲ್ಲುತ್ತಿತ್ತು. ಅಂದರೆ ಅವರ ದೃಷ್ಟಿಯಲ್ಲಿ ಅನುಸ್ವಾರ ಬರಿಯ ಮೂಗಿನದು, ಅನುನಾಸಿಕ ಬಾಯಿ ಮೂಗುಗಳ ಕೂಡು ಸಂಸಾರ.

ಈ ಲಕ್ಷಣದಲ್ಲಿ ವ್ಯಂಜನ ಎಂಬ ಮಾತಿಲ್ಲ ಎಂಬುದನ್ನು ಗಮನಿಸಬೇಕು. ಙ ಞ ಣ ನ ಮಗಳು ಅನುನಾಸಿಕಗಳೇ, ಅದರಲ್ಲಿ ತಕರಾರಿಲ್ಲ. ಆದರೆ ಯ, ವ, ಲಗಳಿಗೂ ಅನುನಾಸಿಕ ರೂಪ ಉಂಟು, ಎಲ್ಲ ಸ್ವರಗಳಿಗೂ ಉಂಟು. ಸಂಸ್ಕೃತ ವ್ಯಾಕರಣ ಕಲಿಯುವವರು ಅಕಾರಕ್ಕೆ 18 ಬಗೆ ಎಂದು ಎಣಿಸುತ್ತಾರೆ. ಹ್ರಸ್ವ, ದೀರ್ಘ, ಪ್ಲುತ ಎಂದು ಮೂರು. ಒಂದೊಂದಕ್ಕೂ ಉದಾತ್ತ, ಅನುದಾತ್ತ, ಸ್ವರಿತ ಎಂದು ಮೂರು ಮೂರು. ಆ ಒಂಬತ್ತೂ ಮೂಗು ಸೇರಿ ಒಂದು ಸಲ, ಸೇರದೆ ಒಂದು ಸಲ. ಹೀಗೆ ಅನುನಾಸಿಕ ಎನ್ನುವುದು ಅಕ್ಷರಗಳ ಒಂದು ಗುಂಪಿನ ಹೆಸರಾಗಿರಲಿಲ್ಲ. ಧ್ವನಿಗೆ ಬರಬಹುದಾದ ಒಂದು ಗುಣದ ಹೆಸರಾಗಿತ್ತು.

ಈ ಗುಣವನ್ನು ಪಾಣಿನಿ ತನ್ನ ಶಾಸ್ತ್ರ ಕಟ್ಟಲು ಬಳಸಿಕೊಂಡ ರೀತಿ ಸ್ವಾರಸ್ಯವಾದದ್ದು. ಧಾತುಗಳನ್ನೂ ಪ್ರತ್ಯಯಗಳನ್ನೂ ಹೇಳಿಕೊಡುವಾಗ ಕೆಲವು ಸ್ವರಗಳನ್ನು ಅನುನಾಸಿಕವಾಗಿ ಉಚ್ಚರಿಸಿದರೆ, ಆ ಸ್ವರ ಪದದ ಭಾಗವಲ್ಲ, ಬರಿಯ ಗುರುತು ಎಂದು ಶಿಷ್ಯರು ತಿಳಿಯಬೇಕು. ಇಂಥ ಗುರುತಿಗೆ ‘ಇತ್’ ಎಂದು ಹೆಸರು. ಒಂದು ಧಾತು ಆತ್ಮನೇಪದಕ್ಕೆ ಸೇರಿದ್ದು ಎಂಬಂಥ ಸುದ್ದಿಯನ್ನು ಇಂಥ ಒಂದು ಗುರುತೇ ಹೇಳಿಬಿಡುತ್ತಿತ್ತು. ಬಾಯಿಪಾಠದ ಕಾಲದಲ್ಲಿ ಇದು ಸೊಗಸಾದ ಉಪಾಯ. ಆದರೆ ಕಾಲ ಕಳೆದಂತೆ ಆ ಮೂಗಿನ ಉಚ್ಚಾರ ಪಾಠದಿಂದ ಜಾರಿಹೋಯಿತು, ಓಲೆಗರಿಗಳಲ್ಲಿ ಅದರ ಗುರುತೂ ಉಳಿಯಲಿಲ್ಲ. ಯಾವ ಸ್ವರ ಅನುನಾಸಿಕ ಎಂಬುದನ್ನು ಪರಂಪರೆ ಹೇಳಿದಂತೆ ನಂಬಬೇಕು ಎಂದು ಮುಂದಿನ ವೈಯಾಕರಣರು ಒಪ್ಪಿಕೊಂಡರು. ಇಂದಿನ ಕೆಲವು ಮುದ್ರಣಗಳಲ್ಲಿ ಆ ಸ್ವರಗಳ ಮೇಲೆ ಚಂದ್ರಬಿಂದು ಹಾಕುತ್ತಾರೆ. ಅದು ಪರಂಪರೆಯ ತಿಳಿವಳಿಕೆಯನ್ನು ಆಧರಿಸಿ ಮತ್ತೆ ಜೋಡಿಸಿದ್ದು. ಒಂದು ದನಿಯನ್ನೂ ಬಿಡದೆ ಕಾಪಾಡಬೇಕೆಂದು ಹೊರಟ ಪರಂಪರೆಯಲ್ಲೇ ಅನುನಾಸಿಕ ಸ್ವರ ಕಳೆದುಹೋಯಿತು.

ಇನ್ನು ಕನ್ನಡಕ್ಕೆ ಬರೋಣ. ಕೇಶಿರಾಜ ಹದಿಮೂರನೆಯ ಶತಮಾನದಲ್ಲಿ ಬರೆದ ಶಬ್ದಮಣಿದರ್ಪಣದಲ್ಲಿ ಅಚ್ಚಗನ್ನಡದ ವರ್ಣಗಳು 47 ಎಂದು ಲೆಕ್ಕ ಹಾಕುತ್ತಾನೆ. ಸಂಸ್ಕೃತದಿಂದ ಬಂದ ವಿಸರ್ಗವನ್ನು ಆ ಲೆಕ್ಕದಿಂದ ಕಳೆಯುತ್ತಾನೆ, ಬಿಂದುವನ್ನು ಉಳಿಸಿಕೊಳ್ಳುತ್ತಾನೆ. ಉಳಿಸಿಕೊಳ್ಳದೆ ವಿಧಿಯಿರಲಿಲ್ಲ. ಹಳಗನ್ನಡದಲ್ಲಿ ಬಿಂದು ಇಲ್ಲದೆ ವಾಕ್ಯವೇ ನಡೆಯದು. ಅವಂ, ಮರಂ, ನೀಂ, ಬಂದಂ, ಪೋದಂ ಎಂದು ನಾಮಪದ, ಕ್ರಿಯಾಪದಗಳ ಕೊನೆಯಲ್ಲಿ ಅದು ಕೂತಿರುತ್ತದೆ. ‘ಬಂದಂ’ ಎಂದರೆ ಅವನು ಬಂದನು ಎಂದರ್ಥ. ಬಂದವನು ಗಂಡಸು, ಒಬ್ಬನೇ, ಮಾತಾಡುವವನೂ ಅಲ್ಲ ಕೇಳುವವನೂ ಅಲ್ಲ ಎಂಬಷ್ಟನ್ನೂ ಆ ಒಂದು ಸೊನ್ನೆ ಹೇಳುತ್ತಿತ್ತು.

ಮುಂದೆ ನಡುಗನ್ನಡ, ಹೊಸಗನ್ನಡಗಳಲ್ಲಿ ಈ ಸೊನ್ನೆ ಎರಡು ದಾರಿ ಹಿಡಿಯಿತು. ಒಂದು ಕಡೆ ಅದು ಬಿದ್ದುಹೋಗಿ ‘ಮರಂ’ ಎಂಬುದು ‘ಮರ’ವಾಯಿತು. ಇನ್ನೊಂದು ಕಡೆ ಅದರೊಳಗಿದ್ದ ನಕಾರ ಉಕಾರವನ್ನು ಜೊತೆಗೆ ಕರೆದುಕೊಂಡು ಪೂರ್ಣ ಅಕ್ಷರವಾಗಿ, ಅವನು, ನೀನು, ಬಂದನು ಎಂಬ ರೂಪಗಳಾದವು. ಪದದ ನಡುವೆಯೂ, ದೀರ್ಘಸ್ವರದ ಮುಂದಿದ್ದ ಸೊನ್ನೆ ಹಲವು ಕಡೆ ಕರಗಿತು. ದಾಂಟು ದಾಟು ಆಯಿತು, ನೂಂಕು ನೂಕು ಆಯಿತು, ತೋಂಟ ತೋಟವಾಯಿತು. ಗದುಗಿನ ತೋಂಟದಾರ್ಯ ಮಠದ ಹೆಸರಿನಲ್ಲಿ ಆ ಹಳೆಯ ತೋಂಟ ಇಂದಿಗೂ ಹಾಗೇ ಇದೆ.

ಸೊನ್ನೆ ಒಮ್ಮೆಗೇ ಮಾಯವಾಗಿರಲಾರದು. ಮೊದಲು ಅದು ಪಕ್ಕದ ಸ್ವರಕ್ಕೆ ಮೂಗಿನ ಛಾಯೆಯಾಗಿ ಅಂಟಿಕೊಂಡು, ಆಮೇಲೆ ಅದೂ ಅಳಿದಿರಬೇಕು. ಹೀಗೆ ಊಹಿಸಲು ನೆರೆಯ ತೆಲುಗು ಒಂದು ಸುಳಿವು ಕೊಡುತ್ತದೆ. ತೆಲುಗಿನ ಹಳೆಯ ಪುಸ್ತಕಗಳಲ್ಲಿ ‘ದಾಟು’ ಎಂಬ ಪದದ ದೀರ್ಘದ ಮುಂದೆ, ‘ಅವನು’ ಎಂಬರ್ಥದ ‘ವಾಡು’ ಪದದ ನಡುವೆ, ಅರ್ಧಚಂದ್ರದಂಥ ಗುರುತೊಂದು ಕಾಣುತ್ತದೆ. ಅದರ ಹೆಸರು ಅರಸುನ್ನ, ಎಂದರೆ ಅರ್ಧ ಸೊನ್ನೆ. ಇಂದಿನ ತೆಲುಗು ಬರವಣಿಗೆ ಅದನ್ನು ಕೈಬಿಟ್ಟಿದೆ. ಆದರೂ ಪೂರ್ಣ ಸೊನ್ನೆಗೂ ಏನೂ ಇಲ್ಲದ ಸ್ಥಿತಿಗೂ ನಡುವೆ ಒಂದು ಮೆಟ್ಟಿಲಿತ್ತು ಎಂಬುದಕ್ಕೆ ಅರಸುನ್ನ ಸಾಕ್ಷಿ. ಕನ್ನಡದ ದಿನಬಳಕೆಯ ಬರಹದಲ್ಲಿ ಆ ಮೆಟ್ಟಿಲಿಗೆ ಗುರುತೇ ನಿಲ್ಲಲಿಲ್ಲ. ನಮಗೆ ಇದ್ದದ್ದು ಒಂದೇ ಸೊನ್ನೆ, ಅದರ ಮೇಲೆ ಹೊರಿಸಿದ ಕೆಲಸ ಹಲವು. ‘ಅಂಗಡಿ’ಯಲ್ಲಿ ಅದು ಙ್, ‘ಅಂಚು’ವಿನಲ್ಲಿ ಞ್, ‘ಅಂಟು’ವಿನಲ್ಲಿ ಣ್, ‘ಅಂದ’ದಲ್ಲಿ ನ್, ‘ಅಂಬು’ವಿನಲ್ಲಿ ಮ್. ‘ಸಂಸಾರ’, ‘ಸಂವಾದ’ಗಳಲ್ಲೂ ನಾವು ಅದನ್ನು ಮ್ ಎಂದೇ ಓದುತ್ತೇವೆ.

ಐದೂ ಅನುನಾಸಿಕ ವ್ಯಂಜನಗಳ ಕೆಲಸವನ್ನು ಸೊನ್ನೆ ವಹಿಸಿಕೊಂಡಾಗ, ‘ಅನುನಾಸಿಕ’ ಎಂಬ ಪದ ಆ ಐದಕ್ಕೇ ಮೀಸಲಾಯಿತು. ಶಾಲೆಯ ವ್ಯಾಕರಣಕ್ಕೆ ಬೇಕಾದದ್ದೂ ಅಷ್ಟೆ. ವರ್ಣಮಾಲೆಯಲ್ಲಿ ಅಕ್ಷರವಿಲ್ಲದ ಧ್ವನಿಗೆ ಹೆಸರು ಯಾಕೆ ಬೇಕು ಎಂದು ಯಾರಿಗಾದರೂ ಅನಿಸುವುದು ಸಹಜ. ತೊಂದರೆ ಏನೆಂದರೆ ಆ ಧ್ವನಿ ಕನ್ನಡದ ಬಾಯಿಗಳಿಂದ ಹೋಗಿರಲಿಲ್ಲ.

ಧಾರವಾಡದ ಕಡೆ ‘ಅಂವ ಬಂದ’ ಎನ್ನುತ್ತಾರೆ. ಕುಂದಾಪುರದ ಕನ್ನಡದಲ್ಲೂ ‘ಅಂವ’ ಉಂಟು. ಧಾರವಾಡದ ಮಾತಿನಲ್ಲಿ ಬರೆದ ಕತೆ ಓದುವ ಮೈಸೂರು ಸೀಮೆಯವರು ಇದನ್ನು ‘ಸಂವಾದ’ದ ಮಾದರಿಯಲ್ಲಿ ‘ಅಮ್ವ’ ಎಂದು ಓದಿಬಿಡುತ್ತಾರೆ. ಅಲ್ಲಿಯವರು ಅನ್ನುವುದು ಹಾಗಲ್ಲ. ಅವರ ತುಟಿ ಮಕಾರಕ್ಕೆ ಮುಚ್ಚುವುದಿಲ್ಲ, ಸ್ವರವೇ ಮೂಗಿಗೆ ಏರುತ್ತದೆ. ಬರಹದಲ್ಲಿ ಎರಡಕ್ಕೂ ಒಂದೇ ಸೊನ್ನೆ.

ಕರಾವಳಿಯ ಕೊಂಕಣಿಯಲ್ಲಿ ಈ ಧ್ವನಿ ಇನ್ನೂ ಹೆಚ್ಚಿನ ಭಾರ ಹೊತ್ತಿದೆ. ಕೊಂಕಣಿಯಲ್ಲಿ ಅವನು ‘ತೊ’, ಅವಳು ‘ತಿ’, ಅದು ‘ತೆಂ’. ನಪುಂಸಕ ಲಿಂಗದ ಗುರುತಾಗಿ ನಿಂತಿರುವುದು ಎಕಾರಕ್ಕೆ ಹತ್ತಿದ ಮೂಗಿನ ದನಿ. ಮಂಗಳೂರಿನಲ್ಲಿ 1938ರಲ್ಲಿ ಆರಂಭವಾದ ‘ರಾಕ್ಣೊ’ ವಾರಪತ್ರಿಕೆಯಂತೆ ಕನ್ನಡ ಲಿಪಿಯಲ್ಲಿ ಅಚ್ಚಾಗುವ ಕೊಂಕಣಿ ಸಾಹಿತ್ಯ ಈ ದನಿಯನ್ನು ನಮ್ಮ ಸೊನ್ನೆಯಲ್ಲೇ ಬರೆಯುತ್ತ ಬಂದಿದೆ. ಕೊಂಕಣಿ ಬಲ್ಲವರಿಗೆ ತೊಡಕಾಗದು. ಬರಿ ಕನ್ನಡ ಬಲ್ಲವರು ಓದಿದರೆ ‘ತೆಮ್’ ಎಂದಾಗುತ್ತದೆ.

ಎಲ್ಲಕ್ಕಿಂತ ಮನಸ್ಸು ಹಿಡಿದು ನಿಲ್ಲಿಸುವುದು ಹವ್ಯಕ ಕನ್ನಡ. ದಕ್ಷಿಣ ಕನ್ನಡ, ಕಾಸರಗೋಡು ಭಾಗದ ಹವ್ಯಕರು ‘ಅವನು ಬಂದನು’ ಎನ್ನಲು ಕೊನೆಯ ಅಕಾರವನ್ನು ಮೂಗಿನಲ್ಲಿ ಎಳೆದು ‘ಬಂದ°’ ಎನ್ನುತ್ತಾರೆ. ಮೂಗಿನ ದನಿ ಇಲ್ಲದ ‘ಬಂದ’ ಬೇರೆ. ಅದು ‘ಬಂದ ನೆಂಟರು’ ಎನ್ನುವಾಗಿನ ಬಂದ. ಉಳಿದ ಕಡೆಯ ಆಡುಮಾತಿನಲ್ಲಿ ಇವೆರಡೂ ಒಂದೇ ರೂಪವಾಗಿ, ಅರ್ಥವನ್ನು ಮುಂದಿನ ಪದದಿಂದ ತಿಳಿಯಬೇಕಾಗುತ್ತದೆ. ಹವ್ಯಕರ ಮಾತಿನಲ್ಲಿ ವ್ಯತ್ಯಾಸ ಕಿವಿಗೇ ಕೇಳುತ್ತದೆ. ಇಲ್ಲಿ ಉಳಿದಿರುವುದು ಕೇಶಿರಾಜನ ಕಾಲದ ‘ಬಂದಂ’ನ ಆ ಸೊನ್ನೆಯೇ, ಕರಗುವ ಮುಂಚಿನ ಮೆಟ್ಟಿಲಿನಲ್ಲಿ ನಿಂತ ರೂಪದಲ್ಲಿ. ತರಗತಿಯಲ್ಲಿ ಹಳಗನ್ನಡ ಪದ್ಯ ಓದುವಾಗ ‘ಬಂದಂ’ ಎಂಬುದನ್ನು ‘ಬಂದಮ್’ ಎಂದು ತುಟಿ ಮುಚ್ಚಿ ಓದುವ ವಿದ್ಯಾರ್ಥಿಗೆ, ಪಕ್ಕದ ಬೆಂಚಿನ ಗೆಳೆಯನ ಮನೆಮಾತಿನಲ್ಲಿ ಅದೇ ಪ್ರತ್ಯಯ ಬದುಕಿದೆ ಎಂಬುದು ಗೊತ್ತಿರುವುದಿಲ್ಲ. ಗೊತ್ತಾಗದಿರಲು ಮುಖ್ಯ ಕಾರಣ ಆ ಧ್ವನಿಗೆ ಪಠ್ಯಪುಸ್ತಕದಲ್ಲಿ ಹೆಸರೂ ಇಲ್ಲ, ಅಕ್ಷರವೂ ಇಲ್ಲ.

ಹೆಸರಿಲ್ಲದ ಧ್ವನಿಗೆ ಅಡ್ಡಹೆಸರು ಸಿಗುವುದು ಸುಲಭ. ‘ಮೂಗಿನಲ್ಲಿ ಮಾತಾಡುತ್ತಾರೆ’ ಎಂಬ ಗೇಲಿ ಹಾಗೆ ಬಂದದ್ದು. ಆ ಗೇಲಿಯಲ್ಲೇ ಒಂದು ತಪ್ಪು ತಿಳಿವಳಿಕೆ ಇದೆ. ನೆಗಡಿ ಬಂದವರನ್ನೂ ನಾವು ಮೂಗಿನಲ್ಲಿ ಮಾತಾಡುತ್ತಾರೆ ಎನ್ನುತ್ತೇವೆ. ನಿಜದಲ್ಲಿ ಕಟ್ಟಿದ ಮೂಗಿನಿಂದ ಗಾಳಿಯೇ ಹೊರಡದೆ ಅವರ ‘ಮನೆ’ ‘ಬನೆ’ ಆಗಿರುತ್ತದೆ. ಅಲ್ಲಿ ಮೂಗಿನ ಪಾಲು ಹೆಚ್ಚಾಗಿಲ್ಲ, ಕಡಿಮೆಯಾಗಿದೆ. ಅನುನಾಸಿಕಕ್ಕೆ ಬೇಕಾದದ್ದು ತೆರೆದ ಮೂಗು. ಬಾಯಿಯ ಹಿಂಭಾಗದ ಮೆತ್ತನೆಯ ಅಂಗುಳ ಕೆಳಗಿಳಿದು ಗಾಳಿಗೆ ದಾರಿ ಬಿಟ್ಟರೆ ಅನುನಾಸಿಕ, ಮೇಲೆದ್ದು ದಾರಿ ಮುಚ್ಚಿದರೆ ನಿರನುನಾಸಿಕ. ನೆಗಡಿ ಒಂದು ಅಡಚಣೆ. ‘ಬಂದ°’ ಎನ್ನುವವರ ಮೂಗಿನ ದನಿ ಒಂದು ವ್ಯಾಕರಣ.

ಗಣಕಯಂತ್ರದಲ್ಲಿ ಬರೆಯತೊಡಗಿದಾಗ ಹವ್ಯಕರಿಗೆ ಈ ಕೊರತೆ ಎದ್ದು ಕಂಡಿತು. ಸೊನ್ನೆ ಹಾಕಿದರೆ ‘ಬಂದಂ’, ಓದುವವರಿಗೆ ಹಳಗನ್ನಡ. ಹಾಕದಿದ್ದರೆ ‘ಬಂದ’, ಅರ್ಥವೇ ಬೇರೆ. ಆಗ ಹಲವರು ಬಿಸಿಲಿನ ಡಿಗ್ರಿಯನ್ನು ತೋರಿಸುವ ಪುಟ್ಟ ವೃತ್ತವನ್ನು ಸಾಲ ತಂದು ಅಕ್ಷರದ ಪಕ್ಕ ಇಟ್ಟುಕೊಂಡರು. ಮೇಲೆ ನಾನು ಬಳಸಿರುವುದೂ ಅದೇ. ಇತ್ತ ಯೂನಿಕೋಡ್ 2014ರಲ್ಲಿ ಕನ್ನಡಕ್ಕೊಂದು ಚಂದ್ರಬಿಂದುವನ್ನು ಸೇರಿಸಿತು. ಅದರ ಬೆನ್ನಿಗೆ 2022ರ ಸೆಪ್ಟೆಂಬರಿನಲ್ಲಿ ಬಂದ 15ನೆಯ ಆವೃತ್ತಿಯಲ್ಲಿ, ಅಕ್ಷರದ ಬಲಗಡೆ ಮೇಲ್ತುದಿಗೆ ಕೂರುವ ಪುಟ್ಟ ಸೊನ್ನೆಯೊಂದು ಕನ್ನಡ ಲಿಪಿಗೆ ಸೇರಿತು. ಕೊಂಕಣಿ, ಹವ್ಯಕ ಕನ್ನಡ ಮತ್ತು ಕನ್ನಡ ಲಿಪಿಯಲ್ಲಿ ಬರೆಯುವ ಅವಧಿ ಭಾಷೆಗಳ ಬಳಕೆಗಾಗಿ ಅದನ್ನು ಸೇರಿಸಿದ್ದು. ಪಾಣಿನಿ ಹೆಸರಿಟ್ಟ ಆ ಗುಣಕ್ಕೆ ನಮ್ಮ ಲಿಪಿಯ ಸಂಕೇತಕೋಶದಲ್ಲಿ ಹೀಗೆ ತಡವಾಗಿ ಜಾಗ ಸಿಕ್ಕಿತು.

ಸಂಕೇತ ಸಿಕ್ಕ ಮಾತ್ರಕ್ಕೆ ಧ್ವನಿ ಉಳಿಯುತ್ತದೆ ಎಂದು ಹೇಳುವಂತಿಲ್ಲ. ಪಾಣಿನಿಯ ಇತ್ ಸ್ವರಗಳ ಕತೆಯಲ್ಲಿ ಶಿಷ್ಯರ ಕಿವಿಯೂ ನಾಲಗೆಯೂ ಮೊದಲು ಮರೆತವು, ಬರಹ ಆಮೇಲೆ ಮರೆಯಿತು. ಊರು ಬಿಟ್ಟು ಬೆಂಗಳೂರು ಸೇರಿದ ಮನೆಗಳ ಮಕ್ಕಳು ಶಾಲೆಯ ಕನ್ನಡದ ‘ಬಂದ’ವನ್ನೇ ಮನೆಯಲ್ಲೂ ಆಡತೊಡಗಿದರೆ ಆ ಪುಟ್ಟ ಸೊನ್ನೆಗೆ ಹೆಚ್ಚು ಕೆಲಸ ಉಳಿಯದು. ಪಠ್ಯದ ಐದು ಅಕ್ಷರಗಳ ಪಟ್ಟಿಯನ್ನು ತೆಗೆದುಹಾಕಬೇಕಿಲ್ಲ. ‘ಸ್ವರಗಳೂ ಅನುನಾಸಿಕವಾಗಬಲ್ಲವು, ನಮ್ಮ ಕೆಲವು ಊರುಗಳ ಕನ್ನಡದಲ್ಲಿ ಇವತ್ತಿಗೂ ಆಗುತ್ತವೆ’ ಎಂದು ಅದರ ಕೆಳಗೆ ಒಂದು ಸಾಲು ಸೇರಿಸಿ, ತರಗತಿಯಲ್ಲಿ ‘ಬಂದ°’ ಎನ್ನುವ ಮಗುವಿದ್ದರೆ ಅದರಿಂದಲೇ ಒಮ್ಮೆ ಹೇಳಿಸಿದರೆ ಸಾಕು. ಉಳಿದ ಮಕ್ಕಳಿಗೂ ಅದು ಪರಕೀಯ ಅನಿಸದು. ಮೇಷ್ಟರು ಮುಂದಿನ ಪುಟ ತೆಗೆಯಿರಿ ಎಂದಾಗ ಅವರೆಲ್ಲ ‘ಹೂಂ’ ಅನ್ನುವುದು ಅದೇ ಮೂಗಿನಿಂದ.