ಆರ್ನೋ ನದಿಯಲ್ಲಿ ಜಾಲಿಸಿದ ಕಾದಂಬರಿ

1874ರ ಮೇ 22ರಂದು ಮಿಲಾನ್ ನಗರದ ಸ್ಯಾನ್ ಮಾರ್ಕೊ ಚರ್ಚಿನಲ್ಲಿ ಮೃತರ ಶಾಂತಿಗಾಗಿ ರಚಿಸಿದ ಹೊಸ ಸಂಗೀತ ಕೃತಿಯೊಂದು ಮೊದಲ ಬಾರಿಗೆ ಕೇಳಿಸಿತು. ಅದನ್ನು ರಚಿಸಿ, ತಾನೇ ನಿಂತು ನಡೆಸಿಕೊಟ್ಟವನು ಇಟಲಿಯ ಸಂಗೀತ ನಾಟಕಗಳ ದಿಗ್ಗಜ ಜುಸೆಪ್ಪೆ ವೆರ್ಡಿ. ಸರಿಯಾಗಿ ಒಂದು ವರ್ಷದ ಹಿಂದೆ, ಅದೇ ದಿನ, ಎಂಬತ್ತೆಂಟರ ವಯಸ್ಸಿನಲ್ಲಿ ತೀರಿಕೊಂಡಿದ್ದ ಅಲೆಸ್ಸಾಂಡ್ರೊ ಮಾಂಜೋನಿಯ ನೆನಪಿಗೆ ಆ ಕೃತಿ ಅರ್ಪಿತವಾಗಿತ್ತು. ಮಾಂಜೋನಿ ಬರೆದದ್ದು ಒಂದೇ ಒಂದು ಕಾದಂಬರಿ. ಅದನ್ನು ಬರೆದು, ತಿದ್ದಿ ಮುಗಿಸಲು ಅವನಿಗೆ ಇಪ್ಪತ್ತು ವರ್ಷಗಳೇ ಹಿಡಿದವು.

ಅವನು ಹುಟ್ಟಿದ್ದು 1785ರ ಮಾರ್ಚ್ 7ರಂದು, ಮಿಲಾನಿನಲ್ಲಿ. ತಾಯಿ ಜೂಲಿಯಾ, ಪ್ರಸಿದ್ಧ ಚಿಂತಕ ಚೇಸರೆ ಬೆಕ್ಕಾರಿಯಾನ ಮಗಳು. ಚಿತ್ರಹಿಂಸೆ ಮತ್ತು ಮರಣದಂಡನೆಗಳನ್ನು ವಿರೋಧಿಸಿ 1764ರಲ್ಲಿ ಬೆಕ್ಕಾರಿಯಾ ಬರೆದ ಪುಟ್ಟ ಪುಸ್ತಕ ಯೂರೋಪಿನ ಕಾನೂನು ಚಿಂತನೆಯನ್ನೇ ಅಲುಗಿಸಿತ್ತು. ದಾಖಲೆಯ ಪ್ರಕಾರ ತಂದೆ ಪಿಯೆತ್ರೊ ಮಾಂಜೋನಿ. ಆದರೆ ನಿಜವಾದ ತಂದೆ ಜೊವಾನ್ನಿ ವೆರ್ರಿ ಎಂಬ ಮಾತು ಪ್ರಚಲಿತವಾಗಿತ್ತು. ಜೀವನಚರಿತ್ರೆಕಾರರಲ್ಲಿ ಹಲವರು ಅದನ್ನು ನಂಬುತ್ತಾರೆ. ಈ ಜೊವಾನ್ನಿಯ ಅಣ್ಣ ಪಿಯೆತ್ರೊ ವೆರ್ರಿ ಕೂಡ ಚಿತ್ರಹಿಂಸೆಯ ವಿರುದ್ಧ ಲೇಖನಿ ಹಿಡಿದವನೇ. ಈತನ ಹೆಸರು ಮುಂದೆ ಮತ್ತೊಮ್ಮೆ ಬರಲಿದೆ.

ಬಾಲ್ಯ ಪಾದ್ರಿಗಳ ವಸತಿಶಾಲೆಗಳಲ್ಲಿ ಕಳೆಯಿತು. 1805ರಲ್ಲಿ ಪ್ಯಾರಿಸ್ ಸೇರಿದ ಯುವಕ ಅಲ್ಲಿನ ಸ್ವತಂತ್ರ ವಿಚಾರವಾದಿಗಳ ಒಡನಾಡಿಯಾದ. 1808ರಲ್ಲಿ ಎನ್ರಿಕೆತ್ತಾ ಬ್ಲೊಂಡೆಲ್ ಎಂಬ ಪ್ರಾಟೆಸ್ಟೆಂಟ್ ಕನ್ಯೆಯನ್ನು ಮದುವೆಯಾದ. ಎರಡೇ ವರ್ಷಗಳಲ್ಲಿ ಆಕೆ ಕ್ಯಾಥೊಲಿಕ್ ಮತಕ್ಕೆ ಸೇರಿದಳು. ದೇವರನ್ನು ದೂರ ಇಟ್ಟಿದ್ದ ಗಂಡನೂ ಶ್ರದ್ಧೆಗೆ ಮರಳಿದ. ಮುಂದೆ ಬರೆದದ್ದೆಲ್ಲಕ್ಕೂ ಈ ಶ್ರದ್ಧೆಯೇ ತಳಹದಿ.

ಕಾದಂಬರಿಯ ಬರವಣಿಗೆ ಆರಂಭವಾದದ್ದು 1821ರ ಏಪ್ರಿಲ್‌ನಲ್ಲಿ. 'ಇ ಪ್ರೊಮೆಸ್ಸಿ ಸ್ಪೋಸಿ', ಎಂದರೆ 'ಮದುವೆ ನಿಶ್ಚಯವಾದವರು'. ಕಥೆ ನಡೆಯುವುದು 1628ರಿಂದ 1630ರವರೆಗೆ, ಸ್ಪೇನಿನ ಆಳ್ವಿಕೆಗೆ ಒಳಪಟ್ಟಿದ್ದ ಲೊಂಬಾರ್ಡಿಯಲ್ಲಿ. ಕೊಮೊ ಸರೋವರದ ದಂಡೆಯ ಹಳ್ಳಿಯೊಂದರಲ್ಲಿ ರೇಷ್ಮೆ ನೂಲುವ ಕಸುಬಿನ ರೆಂಜೊ, ಲೂಚಿಯಾ ಎಂಬ ಹುಡುಗಿಯನ್ನು ಮದುವೆಯಾಗಬೇಕು. ಅವಳ ಮೇಲೆ ಅಲ್ಲಿನ ಪುಂಡ ಪಾಳೆಯಗಾರ ಡಾನ್ ರೊಡ್ರಿಗೊನ ಕಣ್ಣು. ಅವನ ಬಂಟರ ಬೆದರಿಕೆಗೆ ಹೆದರಿ ಊರಿನ ಪಾದ್ರಿ ಮದುವೆ ಮಾಡಿಸಲು ಹಿಂಜರಿಯುತ್ತಾನೆ. ಜೋಡಿ ಊರು ಬಿಟ್ಟು ಓಡಬೇಕಾಗುತ್ತದೆ. ಬರಗಾಲ, ಮಿಲಾನಿನ ರೊಟ್ಟಿ ದೊಂಬಿ, ಯುದ್ಧ, ಪ್ಲೇಗು ಎಲ್ಲವೂ ಈ ಇಬ್ಬರ ಮೈಮೇಲೆ ಹಾದುಹೋಗುತ್ತವೆ. ರಾಜರು ಹಿನ್ನೆಲೆಗೆ ಸರಿದು, ಓದು ಬರಹ ಸರಿಯಾಗಿ ಬಾರದ ಕೂಲಿಯೊಬ್ಬ ಕಥಾನಾಯಕನಾದದ್ದು ಅಂದಿನ ಇಟಲಿಯ ಓದುಗರಿಗೆ ಹೊಸದು. ಮಾಂಜೋನಿಯ ಕಾಲಕ್ಕೆ ಮಿಲಾನನ್ನು ಆಳುತ್ತಿದ್ದದ್ದು ಆಸ್ಟ್ರಿಯಾ. ಸ್ಪೇನಿನವರ ದರ್ಬಾರನ್ನು ಓದುತ್ತಾ ಜನ ಯಾರನ್ನು ನೆನೆದರೆಂದು ಬಿಡಿಸಿ ಹೇಳಬೇಕಿಲ್ಲ.

ಆದರೆ ಬರೆಯುವುದು ಯಾವ ಭಾಷೆಯಲ್ಲಿ? ಮಾಂಜೋನಿ ಮನೆಯಲ್ಲಿ ಆಡುತ್ತಿದ್ದದ್ದು ಮಿಲಾನಿನ ನುಡಿ. ಗೆಳೆಯ ಫೋರಿಯೆಲ್‌ಗೆ ಬರೆಯುತ್ತಿದ್ದದ್ದು ಫ್ರೆಂಚ್. ಇಟಾಲಿಯನ್ ಎಂಬುದು ಹದಿನಾಲ್ಕನೆಯ ಶತಮಾನದ ಟಸ್ಕನಿಯ ಕವಿಗಳಿಂದ ಬಂದ ಗ್ರಾಂಥಿಕ ಭಾಷೆ. ಟಸ್ಕನಿಯ ಹೊರಗೆ ಸಂತೆಯಲ್ಲಿ, ಅಡುಗೆಮನೆಯಲ್ಲಿ ಅದನ್ನು ಆಡುವವರು ವಿರಳ. 1861ರಲ್ಲಿ ಇಟಲಿ ಒಂದು ರಾಜ್ಯವಾದಾಗ ಇಟಾಲಿಯನ್ ಬಲ್ಲವರು ನೂರಕ್ಕೆ ಎರಡೂವರೆ ಮಂದಿ ಮಾತ್ರ ಎಂದು ಭಾಷಾಶಾಸ್ತ್ರಜ್ಞ ತುಲ್ಲಿಯೊ ದೆ ಮೌರೊ ಅಂದಾಜು ಮಾಡಿದ್ದಾರೆ. ಹತ್ತರ ಸಮೀಪ ಎನ್ನುವವರೂ ಇದ್ದಾರೆ. ಇಂಥ ಭಾಷೆಯಲ್ಲಿ ರೆಂಜೊನಂಥವನ ಬಾಯಲ್ಲಿ ಮಾತು ಹುಟ್ಟಿಸುವುದು ಹೇಗೆ?

ಕಾದಂಬರಿ 1825ರಿಂದ 1827ರ ನಡುವೆ ಮೂರು ಸಂಪುಟಗಳಾಗಿ ಅಚ್ಚಾಗಿ ಹೊರಬಂದು ಹೆಸರು ಮಾಡಿತು. ಲೇಖಕನಿಗೆ ಮಾತ್ರ ಸಮಾಧಾನವಿಲ್ಲ. 1827ರಲ್ಲಿ ಸಂಸಾರ ಸಮೇತ ಫ್ಲಾರೆನ್ಸಿಗೆ ಹೋದ. ಅಲ್ಲಿನ ಆರ್ನೋ ನದಿಯಲ್ಲಿ ಬಟ್ಟೆ ಜಾಲಿಸಿಕೊಂಡು ಬಂದ ಎಂಬುದು ಈ ಪ್ರಯಾಣದ ಬಗ್ಗೆ ಇಟಲಿಯಲ್ಲಿ ಗಾದೆಯಂತೆ ಉಳಿದಿದೆ. ಆ ಮಾತಿನ ಮೂಲ ಅವನೇ. ಮುಂದಿನ ವರ್ಷಗಳಲ್ಲಿ ಪದಪದವನ್ನೂ ಹಿಡಿದು ತಿದ್ದಿದ. ಮೊಮ್ಮಗಳನ್ನು ನೋಡಿಕೊಳ್ಳುತ್ತಿದ್ದ ಎಮಿಲಿಯಾ ಲೂತಿ ಎಂಬ ಫ್ಲಾರೆನ್ಸಿನ ಮಹಿಳೆಯ ಬಳಿ, ನಿಮ್ಮೂರಿನಲ್ಲಿ ಇದನ್ನು ಹೇಗೆ ಹೇಳುತ್ತಾರೆಂದು ಕೇಳುತ್ತಿದ್ದ. ಪುಸ್ತಕದ ವಾಸನೆ ಹೊಡೆಯುವ ಸರ್ವನಾಮಗಳನ್ನು ಆದಷ್ಟು ತೆಗೆದು ಆಡುಮಾತಿನವನ್ನು ಇಟ್ಟ. ಕಥೆ ಹೆಚ್ಚುಕಡಿಮೆ ಹಾಗೆಯೇ ಉಳಿದು, ಮೈಬಣ್ಣ ಬದಲಾಯಿತು. ಪರಿಷ್ಕೃತ ಆವೃತ್ತಿ 1840ರಿಂದ 1842ರವರೆಗೆ ಕಂತುಗಳಲ್ಲಿ, ಚಿತ್ರಗಳ ಸಮೇತ ಬಂತು. ಕೈಯಿಂದ ಹಣ ಹಾಕಿದ್ದ ಮಾಂಜೋನಿ ನಷ್ಟ ಅನುಭವಿಸಿದ. ಕಳ್ಳಮುದ್ರಣ ಮಾಡಿದವರು ದುಡ್ಡು ಮಾಡಿಕೊಂಡರು.

ಈ ಆವೃತ್ತಿಯ ಕೊನೆಗೆ ಕಾದಂಬರಿಯಲ್ಲದ ಒಂದು ಬರಹವೂ ಸೇರಿತ್ತು: 'ಕಳಂಕ ಸ್ತಂಭದ ಇತಿಹಾಸ'. ಮದುವೆಯ ಸುಖಾಂತ್ಯ ಓದಿ ಪುಟ ತಿರುಗಿಸಿದವರಿಗೆ ಅದು ರುಚಿಸಲಿಲ್ಲ. ಮಾಂಜೋನಿಯ ನಿಜವಾದ ತೂಕ ಇರುವುದು ಅಲ್ಲಿಯೇ ಎನ್ನಬೇಕು.

1630ರ ಜೂನ್ 21ರ ಮುಂಜಾನೆ, ಪ್ಲೇಗು ಹಬ್ಬಿದ್ದ ಮಿಲಾನಿನಲ್ಲಿ ಮಹಿಳೆಯೊಬ್ಬಳು ಕಿಟಕಿಯಿಂದ ಇಣುಕಿದಳು. ಮಳೆಯಲ್ಲಿ ಗೋಡೆಯ ಪಕ್ಕಕ್ಕೆ ಒತ್ತಿ ನಡೆಯುತ್ತಿದ್ದವನೊಬ್ಬ ಗೋಡೆಗೆ ಕೈ ಸವರಿದಂತೆ ಕಂಡಿತು. ವಿಷದ ಮುಲಾಮು ಬಳಿದು ರೋಗ ಹರಡುವವರಿದ್ದಾರೆ ಎಂಬ ಗಾಳಿಸುದ್ದಿ ಊರೆಲ್ಲ ತುಂಬಿತ್ತು. ಸರಿ, ಕೂಗೆದ್ದಿತು. ಆತ ಆರೋಗ್ಯಾಧಿಕಾರಿ ಗುಲಿಯೆಲ್ಮೊ ಪಿಯಾತ್ಸಾ. ಚಿತ್ರಹಿಂಸೆ ಕೊಟ್ಟು, ಒಪ್ಪಿಕೊಂಡರೆ ಶಿಕ್ಷೆಯಿಲ್ಲವೆಂಬ ಆಸೆ ತೋರಿಸಿದಾಗ, ಪ್ಲೇಗಿಗೆ ಔಷಧ ಕಾಯಿಸಿ ಕೊಡುತ್ತಿದ್ದ ಕ್ಷೌರಿಕ ಜನ್ ಜಾಕೊಮೊ ಮೋರಾನ ಹೆಸರು ಹೇಳಿದ. ಇಬ್ಬರನ್ನೂ ಬರ್ಬರವಾಗಿ ಕೊಂದರು. ಮೋರಾನ ಮನೆ ಕೆಡವಿ, ಅದೇ ಜಾಗದಲ್ಲಿ ಅವನ 'ಪಾಪ' ಸಾರುವ ಕಂಬ ನಿಲ್ಲಿಸಿದರು. ಆ ಕಂಬ ಉರುಳಿದ್ದು 1778ರಲ್ಲಿ.

ಈ ಮೊಕದ್ದಮೆಯ ಕಡತಗಳನ್ನು ಪಿಯೆತ್ರೊ ವೆರ್ರಿ ಮೊದಲೇ ಓದಿದ್ದ. ಅಜ್ಞಾನದ ಆ ಕಾಲವೂ ಚಿತ್ರಹಿಂಸೆಯ ಪದ್ಧತಿಯೂ ಈ ಅನ್ಯಾಯಕ್ಕೆ ಕಾರಣವೆಂಬುದು ಅವನ ವಾದ. ಮಾಂಜೋನಿ ಅಷ್ಟಕ್ಕೆ ಒಪ್ಪಲಿಲ್ಲ. ಅಂದಿನ ಕಾನೂನಿನಲ್ಲೇ ನ್ಯಾಯಾಧೀಶರ ಕೈ ಕಟ್ಟುವ ನಿಯಮಗಳಿದ್ದವು. ಅವನ್ನು ಅವರು ಮುರಿದರು. ಆರೋಪಿಗಳು ನಿರಪರಾಧಿಗಳೆಂದು ಕಾಣುವ ಅವಕಾಶ ಅವರಿಗಿತ್ತು. ಜನರ ಕೋಪಕ್ಕೆ ಅಂಜಿ ಕಣ್ಣು ಮುಚ್ಚಿದರು. ಕಾಲದ ಮೇಲೆ ತಪ್ಪು ಹೊರಿಸಿದರೆ ಮನುಷ್ಯರು ನುಣುಚಿಕೊಳ್ಳುತ್ತಾರೆ ಎಂಬುದು ಅವನ ನಿಲುವು. ತಾತನ ವಿಚಾರದ ಮೊನೆಯನ್ನು ಮೊಮ್ಮಗ ಇನ್ನಷ್ಟು ಹರಿತಗೊಳಿಸಿದ. ಇಪ್ಪತ್ತನೆಯ ಶತಮಾನದಲ್ಲಿ ಸಿಸಿಲಿಯ ಲೇಖಕ ಲಿಯೊನಾರ್ಡೊ ಶಾಶಾ ಈ ಬರಹವನ್ನು ಎತ್ತಿ ಹಿಡಿದ ಮೇಲೆ ಅದಕ್ಕೆ ಸಿಗಬೇಕಾದ ಗಮನ ಸಿಕ್ಕಿತು.

ಮನೆಯೊಳಗಿನ ಬದುಕು ಕಷ್ಟದ್ದು. 1833ರ ಕ್ರಿಸ್‌ಮಸ್ ದಿನವೇ ಎನ್ರಿಕೆತ್ತಾ ತೀರಿಕೊಂಡಳು. ಹತ್ತು ಮಕ್ಕಳಲ್ಲಿ ಎಂಟು ಮಂದಿ ತಂದೆಯ ಕಣ್ಣೆದುರೇ ಹೋದರು. ಟಸ್ಕನಿಯಲ್ಲಿ ಕ್ಷಯದಿಂದ ನರಳುತ್ತಿದ್ದ ಕಿರಿಮಗಳು ಮತಿಲ್ದೆ, ಒಮ್ಮೆ ಬಂದು ಹೋಗಿ ಎಂದು ಬೇಡುತ್ತಲೇ 1856ರಲ್ಲಿ ಸತ್ತಳು. ಒಂಟಿಯಾಗಿ ಬೀದಿಗಿಳಿಯಲೂ ಹೆದರುತ್ತಿದ್ದ ಅಪ್ಪ ಹೋಗಲಿಲ್ಲ. ಮನುಷ್ಯರ ಹೊಣೆಗಾರಿಕೆಯ ಬಗ್ಗೆ ಅಷ್ಟು ಕಟ್ಟುನಿಟ್ಟಾಗಿ ಬರೆದವನ ಬದುಕಿನಲ್ಲಿ ಇದೂ ಒಂದು ಪುಟ. ನತಾಲಿಯಾ ಗಿನ್ಜ್‌ಬರ್ಗ್ 1983ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಈ ಕುಟುಂಬದ ಪತ್ರಗಳನ್ನು ಓದಬಹುದು.

ಹೊಸ ರಾಜ್ಯ ಅವನನ್ನು ಸೆನೆಟರ್ ಮಾಡಿತು. 1868ರಲ್ಲಿ ಸರ್ಕಾರ ಕೇಳಿದ್ದಕ್ಕೆ, ದೇಶಕ್ಕೆಲ್ಲ ಫ್ಲಾರೆನ್ಸಿನ ಆಡುನುಡಿಯೇ ಮಾದರಿಯಾಗಲಿ ಎಂದು ವರದಿ ಕೊಟ್ಟ. 1873ರಲ್ಲಿ ಅಸ್ಕೊಲಿ ಎಂಬ ವಿದ್ವಾಂಸ ಇದನ್ನು ಖಂಡಿಸಿದ: ವಿದ್ಯೆ ಹರಡದೆ, ಒಂದು ಊರಿನ ಮಾತನ್ನು ಮೇಲಿನಿಂದ ಹೇರಿದರೆ ಭಾಷೆ ಬೆಳೆಯದು. ಅಸ್ಕೊಲಿಯದೇ ಸರಿಯಾದ ವಾದ. ಇಟಾಲಿಯನ್ ಮನೆಮಾತಾದದ್ದು ಶಾಲೆ, ಸೈನ್ಯ, ವಲಸೆ, ಕೊನೆಗೆ ದೂರದರ್ಶನದಿಂದ. ಆದರೆ ಆ ಶಾಲೆಗಳಲ್ಲಿ ತಲೆಮಾರುಗಳ ಕಾಲ ಮಕ್ಕಳು ಓದಿದ ಗದ್ಯ ಮಾಂಜೋನಿಯದು. ಪಠ್ಯವಾದ ಮೇಲೆ ಪುಸ್ತಕಕ್ಕೆ ಬರುವ ಶಾಪ, ಎಂದರೆ ಮಕ್ಕಳ ಆಕಳಿಕೆ, ಅದಕ್ಕೂ ತಪ್ಪಲಿಲ್ಲ.

2020ರ ಫೆಬ್ರವರಿಯಲ್ಲಿ ಕೋವಿಡ್‌ನಿಂದ ಶಾಲೆಗಳು ಮುಚ್ಚಿದಾಗ, ಮಿಲಾನಿನ ಪ್ರಾಂಶುಪಾಲರೊಬ್ಬರು ವಿದ್ಯಾರ್ಥಿಗಳಿಗೆ ಪತ್ರ ಬರೆದು ಈ ಕಾದಂಬರಿಯ ಪ್ಲೇಗಿನ ಅಧ್ಯಾಯವನ್ನು ನೆನಪಿಸಿದರು. ಗಾಳಿಸುದ್ದಿ, ಪರಕೀಯರ ಭಯ, ಪಕ್ಕದವನ ಮೇಲೆ ಗುಮಾನಿ ಎಲ್ಲವೂ ಅಲ್ಲಿವೆ ಎಂದರು. ಕಂಬದ ಕೆಳಗಿದ್ದ ಶಿಲಾಫಲಕ ಈಗ ಮಿಲಾನಿನ ಸ್ಫೋರ್ತ್ಸಾ ಕೋಟೆಯಲ್ಲಿದೆ. ಮನೆ ಇದ್ದ ಬೀದಿಗೆ ಕ್ಷೌರಿಕ ಮೋರಾನ ಹೆಸರಿಟ್ಟಿದ್ದಾರೆ.